ಅನಂತ ಪೈ

ಅನಂತ ಪೈ (ಸೆಪ್ಟೆಂಬರ್ 17, 1929 – ಫೆಬ್ರವರಿ 24, 2011) ಭಾರತೀಯ ಚಿತ್ರಕಥಾ ಪ್ರಕಾರದ ಪ್ರವರ್ತಕರಲ್ಲಿ ಪ್ರಮುಖರು. 'ಅಮರ ಚಿತ್ರಕಥೆ' ಮಾಲಿಕೆಯ ಸಂಪಾದಕರಾಗಿಯೂ 'ಟಿಂಕಲ್' ಮಕ್ಕಳ ಪತ್ರಿಕೆಯ ಸ್ಥಾಪಕ ಸಂಪಾದಕರಾಗಿಯೂ ಖ್ಯಾತರಾದ ಇವರನ್ನು ದೇಶದಾದ್ಯಂತ ಮಕ್ಕಳು 'ಅಂಕಲ್ ಪೈ' ಎಂದೇ ಕರೆಯುತ್ತಿದ್ದರು. ಅವರು ವೃತ್ತಿಯಿಂದ ಚಿತ್ರಕಾರರಲ್ಲ. ಕಥೆಯನ್ನು ಆಯ್ದು, ಚೌಕಟ್ಟುಗಳಾಗಿ ವಿಂಗಡಿಸಿ, ಸಂಭಾಷಣೆ ಬರೆದು ಕಲಾವಿದರಿಂದ ಚಿತ್ರ ಬರೆಯಿಸುತ್ತಿದ್ದ ಲೇಖಕ-ಸಂಪಾದಕರು. ಈ ವ್ಯತ್ಯಾಸವನ್ನು ಅನೇಕ ಪರಿಚಯ ಲೇಖನಗಳು ಗಮನಿಸುವುದಿಲ್ಲ.

ಜನನ ಮತ್ತು ಶಿಕ್ಷಣ

ಪೈ ಅವರು ಅಂದಿನ ಮದರಾಸು ಪ್ರಾಂತ್ಯದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದ ಕಾರ್ಕಳದಲ್ಲಿ ಜನಿಸಿದರು. ತಂದೆ ವೆಂಕಟರಾಯ, ತಾಯಿ ಸುಶೀಲಾ. ಎರಡು ವರ್ಷದವರಿದ್ದಾಗಲೇ ತಂದೆತಾಯಿಗಳನ್ನು ಕಳೆದುಕೊಂಡು ಬಂಧುಗಳ ಆಶ್ರಯದಲ್ಲಿ ಬೆಳೆದರು. ಹನ್ನೆರಡನೆಯ ವಯಸ್ಸಿನಲ್ಲಿ ಮುಂಬಯಿಗೆ ತೆರಳಿ ಮಾಹಿಮ್‌ನ ಓರಿಯಂಟ್ ಶಾಲೆಯಲ್ಲಿ ಓದಿದರು. ಮುಂದೆ ಮುಂಬಯಿ ವಿಶ್ವವಿದ್ಯಾಲಯದಲ್ಲಿ ರಸಾಯನ ತಂತ್ರಜ್ಞಾನವನ್ನು ಅಭ್ಯಸಿಸಿದರೂ ಅವರ ಒಲವು ಮುದ್ರಣ ಮತ್ತು ಪ್ರಕಾಶನದ ಕಡೆಗಿತ್ತು. 1954ರಲ್ಲಿ 'ಮಾನವ್' ಎಂಬ ಮಕ್ಕಳ ಪತ್ರಿಕೆಯನ್ನು ಹೊರಡಿಸಿದರು. ಅದು ಬಹುಕಾಲ ಬಾಳಲಿಲ್ಲ.

ಇಂದ್ರಜಾಲ ಕಾಮಿಕ್ಸ್

ಬಳಿಕ ಟೈಮ್ಸ್ ಆಫ್ ಇಂಡಿಯಾ ಸಂಸ್ಥೆಯ ಪುಸ್ತಕ ವಿಭಾಗವನ್ನು ಸೇರಿದರು. ಅದೇ ಸಂಸ್ಥೆ 1964ರ ಮಾರ್ಚ್‌ನಲ್ಲಿ ಆರಂಭಿಸಿದ 'ಇಂದ್ರಜಾಲ ಕಾಮಿಕ್ಸ್' ಮಾಲಿಕೆಯಲ್ಲಿ ಅಮೆರಿಕದ ಲೀ ಫಾಕ್ ಸೃಷ್ಟಿಸಿದ ಫ್ಯಾಂಟಮ್‌ನ ಸಾಹಸಗಳು ಪ್ರಕಟವಾದವು. ಅದರ ಮಾರಾಟ ಚೆನ್ನಾಗಿತ್ತು. ಆದರೆ ಕಥೆಗಳು ಮಾತ್ರ ಪರದೇಶದವು.

ಅಮರ ಚಿತ್ರಕಥೆಯ ಕನ್ನಡ ಮೂಲ

ಮಾಲಿಕೆಯ ಹುಟ್ಟಿನ ಬಗ್ಗೆ ಹೆಚ್ಚು ಪ್ರಚಾರದಲ್ಲಿರುವ ವೃತ್ತಾಂತ 1967ರದು. ದೆಹಲಿಯ ದೂರದರ್ಶನದ ರಸಪ್ರಶ್ನೆ ಕಾರ್ಯಕ್ರಮವೊಂದರಲ್ಲಿ ಗ್ರೀಕ್ ಪುರಾಣದ ಪ್ರಶ್ನೆಗಳಿಗೆ ಸರಾಗವಾಗಿ ಉತ್ತರಿಸಿದ ವಿದ್ಯಾರ್ಥಿಗಳು ಶ್ರೀರಾಮನ ತಾಯಿಯ ಹೆಸರನ್ನು ಹೇಳಲಾರದೆ ಹೋದುದನ್ನು ಕಂಡು ಪೈ ಅವರು ಭಾರತೀಯ ಕಥೆಗಳನ್ನು ಚಿತ್ರರೂಪಕ್ಕೆ ತರಲು ನಿಶ್ಚಯಿಸಿದರು ಎಂಬುದು ಅದರ ಸಾರ.

ಕನ್ನಡಿಗರಿಗೆ ಇದಕ್ಕೂ ಮುಖ್ಯವಾದ ಸಂಗತಿ ಬೇರೊಂದಿದೆ. 'ಅಮರ ಚಿತ್ರಕಥೆ' ಎಂಬ ಹೆಸರಿನಲ್ಲಿ ಮೊದಲು ಹೊರಬಂದ ಪುಸ್ತಕಗಳು ಇಂಗ್ಲಿಷಿನವಲ್ಲ, ಕನ್ನಡದವು. ಇಂಡಿಯಾ ಬುಕ್ ಹೌಸ್‌ನ ಬೆಂಗಳೂರು ಶಾಖೆಯಲ್ಲಿದ್ದ ಜಿ. ಕೆ. ಅನಂತರಾಮ್ ಅವರ ಪ್ರಯತ್ನದಿಂದ 1965ರಲ್ಲಿ ಪಾಶ್ಚಾತ್ಯ ಮಕ್ಕಳ ಕಥೆಗಳ ಕನ್ನಡ ಅನುವಾದಗಳು ಪ್ರಕಟವಾದವು. ಸಿಂಡರೆಲ್ಲಾ, ಪಿನೋಕಿಯೊ ಮೊದಲಾದವು ಆ ಸರಣಿಯಲ್ಲಿದ್ದವು. ಅವುಗಳಿಗೆ ದೊರೆತ ಸ್ವಾಗತವೇ ಸಂಸ್ಥೆಯ ಮುಂಬಯಿ ಕಚೇರಿಯ ಮಿರ್ಚಂದಾನಿ ಅವರಿಗೆ ಇಂಗ್ಲಿಷ್ ಮಾಲಿಕೆಯ ಧೈರ್ಯ ಕೊಟ್ಟಿತೆಂದೂ ಆ ಹೊಣೆ ಪೈ ಅವರಿಗೆ ಒಪ್ಪಿಸಲ್ಪಟ್ಟಿತೆಂದೂ ಅನಂತರಾಮ್ ಹೇಳಿದ್ದಾರೆ. ಮಾಲಿಕೆಯ ಮೊದಲ ಭಾರತೀಯ ಕಥೆಯಾದ 'ಕೃಷ್ಣ'ನ ಸಂಖ್ಯೆ 1 ಅಲ್ಲ, 11. ಮೊದಲ ಹತ್ತು ಸಂಖ್ಯೆಗಳು ಆ ಪಾಶ್ಚಾತ್ಯ ಕಥೆಗಳಿಗೆ ಸಂದಿದ್ದವು. ಪೈ ಅವರ ಕೀರ್ತಿಗೆ ಇದರಿಂದ ಕುಂದಿಲ್ಲ. ಆದರೆ ಆರಂಭದ ಶ್ರೇಯಸ್ಸಿನಲ್ಲಿ ಬೆಂಗಳೂರಿಗೂ ಪಾಲು ಸಲ್ಲಬೇಕು.

'ಕೃಷ್ಣ'ನಿಗೆ ಪೈ ಅವರೇ ಕಥೆ ಬರೆದರು. ಚಿತ್ರಗಳು ರಾಮ್ ವಾಯೀರ್ಕರ್ ಅವರವು. ಪ್ರತಾಪ್ ಮುಲಿಕ್ ಮುಂತಾದ ಕಲಾವಿದರು, ಕಮಲಾ ಚಂದ್ರಕಾಂತ್, ಸುಬ್ಬರಾವ್, ಲೂಯಿಸ್ ಫರ್ನಾಂಡಿಸ್ ಮುಂತಾದ ಲೇಖಕ-ಸಂಪಾದಕರು ಮಾಲಿಕೆಯನ್ನು ಬೆಳೆಸಿದರು. ಪುರಾಣಗಳಿಂದ ಆರಂಭವಾಗಿ ಇತಿಹಾಸ, ಸಂತಚರಿತ್ರೆ, ಜಾನಪದಗಳಿಗೆ ವಿಸ್ತರಿಸಿದ ಶೀರ್ಷಿಕೆಗಳ ಸಂಖ್ಯೆ ನಾಲ್ಕು ನೂರನ್ನು ಮೀರಿದೆ. ಬಸವೇಶ್ವರ, ಪುರಂದರದಾಸ ಹಾಗೂ ಹಂಪಿಯನ್ನು ರಾಜಧಾನಿಯಾಗಿಸಿಕೊಂಡು ಆಳಿದ ಕೃಷ್ಣದೇವರಾಯ ಇವರ ಕುರಿತ ಸಂಚಿಕೆಗಳು ಕರ್ನಾಟಕಕ್ಕೆ ಸಂಬಂಧಿಸಿದವು. ತೆನಾಲಿ ರಾಮನ ಕಥೆಗಳೂ ವಿಜಯನಗರದ ಆಸ್ಥಾನವನ್ನೇ ಹಿನ್ನೆಲೆಯಾಗಿ ಹೊಂದಿವೆ.

ಕಾಮಿಕ್ಸ್ ಓದುವುದರಿಂದ ಮಕ್ಕಳು ಹಾಳಾಗುತ್ತಾರೆಂಬ ಭಾವನೆ ಅಂದು ಶಾಲೆಗಳಲ್ಲಿ ಬಲವಾಗಿತ್ತು. ಅದನ್ನು ನಿವಾರಿಸಲು 1978ರಲ್ಲಿ ದೆಹಲಿಯಲ್ಲಿ ಶಾಲಾ ಶಿಕ್ಷಣದಲ್ಲಿ ಚಿತ್ರಕಥೆಯ ಪಾತ್ರವನ್ನು ಕುರಿತು ವಿಚಾರ ಸಂಕಿರಣ ನಡೆಯಿತು.

ಟಿಂಕಲ್ ಮತ್ತು ಇತರ ಕಾರ್ಯಗಳು

1969ರಲ್ಲಿ ಪೈ ಅವರು 'ರಂಗರೇಖಾ ಫೀಚರ್ಸ್' ಸಂಸ್ಥೆಯನ್ನು ಸ್ಥಾಪಿಸಿ ಪತ್ರಿಕೆಗಳಿಗೆ ಚಿತ್ರಪಟ್ಟಿಗಳನ್ನು ಒದಗಿಸಿದರು. 1980ರ ನವೆಂಬರ್‌ನಲ್ಲಿ 'ಟಿಂಕಲ್' ಆರಂಭವಾಯಿತು. ಸುಪ್ಪಾಂಡಿ, ಶಿಕಾರಿ ಶಂಭು, ಕಾಲಿಯಾ ಕಾಗೆ ಇದರ ಜನಪ್ರಿಯ ಪಾತ್ರಗಳು. ಓದುಗರು ಕಳುಹಿಸಿದ ಕಥೆಗಳನ್ನೂ ಪತ್ರಿಕೆ ಪ್ರಕಟಿಸುತ್ತಿತ್ತು.

ವಿಮರ್ಶೆ

ಅಮರ ಚಿತ್ರಕಥೆಯ ಮೇಲಿನ ಆಕ್ಷೇಪಗಳು ಗಂಭೀರವಾದವು. ಸ್ತ್ರೀಯರನ್ನು ಪತಿವ್ರತೆಯ ಒಂದೇ ಅಚ್ಚಿನಲ್ಲಿ ಎರಕ ಹೊಯ್ಯಲಾಗಿದೆ, ರಾಕ್ಷಸರಿಗೆ ಕಪ್ಪು ಬಣ್ಣ ಬಳಿಯಲಾಗಿದೆ, ಮೇಲ್ಜಾತಿಗಳ ದೃಷ್ಟಿಯೇ ಇಡೀ ಭಾರತದ ದೃಷ್ಟಿಯೆಂಬಂತೆ ನಿರೂಪಿತವಾಗಿದೆ ಎಂಬುವು ಅವುಗಳಲ್ಲಿ ಮುಖ್ಯ. 'ಪದ್ಮಿನಿ'ಯಂತಹ ಸಂಚಿಕೆಯಲ್ಲಿ ಜೌಹರ್ ಪ್ರಸಂಗವನ್ನು ವೈಭವೀಕರಿಸಿರುವುದೂ ಟೀಕೆಗೆ ಗುರಿಯಾಗಿದೆ. ನಂದಿನಿ ಚಂದ್ರ (2008) ಮತ್ತು ಕಾರ್ಲೈನ್ ಮೆಕ್ಲೇನ್ (2009) ಈ ಮಾಲಿಕೆಯನ್ನು ಕುರಿತು ಗ್ರಂಥಗಳನ್ನೇ ರಚಿಸಿದ್ದಾರೆ. ಅಪ್ರಿಯವಾದ ಸತ್ಯವನ್ನು ಮಕ್ಕಳಿಗೆ ಹೇಳಬೇಕಾಗಿಲ್ಲವೆಂಬುದು ಪೈ ಅವರ ನಿಲುವಾಗಿತ್ತು. ಪುರಾಣಕಥೆಗೆ ಈ ನಿಲುವು ಒಪ್ಪಬಹುದಾದರೂ ಇತಿಹಾಸಕ್ಕೆ ಒಪ್ಪುವುದು ಕಷ್ಟ. ಪಠ್ಯಪುಸ್ತಕಕ್ಕಿಂತ ಮೊದಲು ಚಿತ್ರಕಥೆಯನ್ನೇ ಓದಿದ ಮಗುವಿಗೆ ಅದೇ ಇತಿಹಾಸವಾಗಿ ಉಳಿಯುತ್ತದೆ.

ಕೊನೆಯ ದಿನಗಳು

2007ರಲ್ಲಿ ಮಾಲಿಕೆಯ ಒಡೆತನ ಎಸಿಕೆ ಮೀಡಿಯಾ ಸಂಸ್ಥೆಗೆ ಹೋಯಿತು. 2011ರ ಫೆಬ್ರವರಿ 19ರಂದು ದೆಹಲಿಯಲ್ಲಿ ನಡೆದ ಭಾರತದ ಮೊದಲ ಕಾಮಿಕ್ ಕಾನ್ ಸಮಾವೇಶ ಪೈ ಅವರಿಗೆ ಜೀವಮಾನ ಸಾಧನೆಯ ಪ್ರಶಸ್ತಿ ನೀಡಿತು. ಐದು ದಿನಗಳ ನಂತರ ಅವರು ಹೃದಯಾಘಾತದಿಂದ ಮುಂಬಯಿಯಲ್ಲಿ ನಿಧನರಾದರು. ಪತ್ನಿ ಲಲಿತಾ.