ಬೆಚ್ಚಿಬೀಳಿಸುವ ಕನ್ನಡ ಸಿನಿಮಾ, ವೆಬ್ ಸೀರೀಸ್: ಅಂಗಡಿ ಬಾಗಿಲು ಹಾಕಿದ ಮೇಲೆ ಏನು ನೋಡ್ಬಹುದು?

ದೊಡ್ಡಬಳ್ಳಾಪುರ: ದೆವ್ವದ ಸಿನಿಮಾ ಅಂದ್ರೆ ಇಂಗ್ಲಿಷ್, ಹಿಂದಿ, ಕೊರಿಯಾದ್ದೇ ಆಗ್ಬೇಕು ಅಂತ ಮೊಬೈಲ್‌ನಲ್ಲಿ ಹುಡುಕೋರೇ ಜಾಸ್ತಿ. ಆದರೆ 2018ರಲ್ಲಿ ದೇಶವೆಲ್ಲ ನೋಡಿದ ಹಿಂದಿಯ 'ಸ್ತ್ರೀ' ಚಿತ್ರದ ಬೀಜ ಸಿಕ್ಕಿದ್ದು ನಮ್ಮ ಕಡೆಯ ಬಾಗಿಲುಗಳ ಮೇಲೆ. 90ರ ದಶಕದಲ್ಲಿ ಬೆಂಗಳೂರು ಮತ್ತು ಸುತ್ತಲಿನ ಹಳ್ಳಿಗಳಲ್ಲಿ, ಪರಿಚಯದವರ ದನಿಯಲ್ಲೇ ಕರೆಯುವ ಹೆಣ್ಣು ದೆವ್ವ ರಾತ್ರಿ ಬರುತ್ತೆ ಅಂತ ಸುದ್ದಿ ಹಬ್ಬಿತ್ತು. ಬಾಗಿಲಿಗೆ 'ನಾಳೆ ಬಾ' ಅಂತ ಬರೆದದ್ದು ನಲವತ್ತು ದಾಟಿದ ಅನೇಕರಿಗೆ ನೆನಪಿರುತ್ತೆ. ಆ ಕಥೆ ಮಧ್ಯಪ್ರದೇಶದ ಚಂದೇರಿಗೆ ಹೋಗಿ ದುಡ್ಡು ಮಾಡಿತು!

ಕನ್ನಡದ ಒಳ್ಳೆಯ ಸಸ್ಪೆನ್ಸ್ ಚಿತ್ರಗಳ ಗುಟ್ಟೂ ಇಷ್ಟೇ. ಪಾಳುಬಂಗಲೆ ಬೇಕಿಲ್ಲ, ದಿನಾ ನೋಡೋ ವಸ್ತುವೇ ಸಾಕು. ಪವನ್ ಕುಮಾರ್ ನಿರ್ದೇಶನದ 'ಯು ಟರ್ನ್' (2016) ನೋಡಿ. ಬೆಂಗಳೂರಿನ ಡಬಲ್ ರೋಡ್ ಫ್ಲೈಓವರ್‌ನಲ್ಲಿ ಡಿವೈಡರ್ ಕಲ್ಲು ಸರಿಸಿ ಬೈಕ್ ತಿರುಗಿಸಿದವರು ಒಬ್ಬೊಬ್ಬರಾಗಿ ಸಾಯುತ್ತಾರೆ. ಅವರ ಗಾಡಿ ನಂಬರ್ ಕಲೆಹಾಕುತ್ತಿದ್ದ ಪತ್ರಕರ್ತೆಯ ಮೇಲೇ ಪೊಲೀಸರಿಗೆ ಅನುಮಾನ. ಶ್ರದ್ಧಾ ಶ್ರೀನಾಥ್ ಅಭಿನಯ ಚೆನ್ನಾಗಿದೆ. ನೆಲಮಂಗಲ, ಹೊಸಕೋಟೆ ಹೆದ್ದಾರಿಯಲ್ಲಿ ಅರ್ಧ ಕಿಲೋಮೀಟರ್ ಉಳಿಸೋಕೆ ಡಿವೈಡರ್ ಸಂದಿಯಲ್ಲಿ ಗಾಡಿ ನುಗ್ಗಿಸೋ ಹುಡುಗರಿಗೆ ಇದನ್ನ ಮೊದಲು ತೋರಿಸಬೇಕು. ಸರಿಸಿದ ಕಲ್ಲು ರಸ್ತೆಯಲ್ಲೇ ಉಳಿಯುತ್ತೆ, ಹಿಂದೆ ಬರುವವನಿಗೆ ಕತ್ತಲಲ್ಲಿ ಕಾಣಲ್ಲ. ಚಿತ್ರದ ಭಯವೆಲ್ಲ ಅಲ್ಲಿಂದಲೇ.

ಎರಡನೆಯದು ದಯಾಳ್ ಪದ್ಮನಾಭನ್ ಅವರ 'ಆ ಕರಾಳ ರಾತ್ರಿ' (2018). ಮೋಹನ್ ಹಬ್ಬು ಅವರ ನಾಟಕ ಆಧರಿಸಿದ್ದು. ಬಡವರ ಮನೆಗೆ ಅಪರಿಚಿತನೊಬ್ಬ ಬಂದು ಒಂದು ರಾತ್ರಿ ತಂಗುತ್ತಾನೆ, ಕೈಯಲ್ಲಿ ಹಣ ಇದೆ. ದೆವ್ವ ಇಲ್ಲ, ಭೂತ ಇಲ್ಲ. ದುಡ್ಡು ಕಂಡ ಮೇಲೆ ಮನೆಯವರ ಮುಖ ಹೇಗೆ ಬದಲಾಗುತ್ತೆ ಅನ್ನೋದೇ ಸಿನಿಮಾ. ಜಮೀನು ಮಾರಿದ ಹಣ ಅಣ್ಣತಮ್ಮಂದಿರ ನಡುವೆ ಏನು ಮಾಡುತ್ತೆ ಅಂತ ದೇವನಹಳ್ಳಿ ಕಡೆಯವರಿಗೆ ಹೇಳಿಕೊಡಬೇಕಿಲ್ಲ. ರಂಗಾಯಣ ರಘು ಇದ್ದಾರೆ. ಕೊನೆ ಏನಾಗುತ್ತೆ ಅಂತ ಯಾರನ್ನೂ ಕೇಳ್ಬೇಡಿ.

ಹಳೆಯದು ಬೇಕಾದವರಿಗೆ ಅನಂತನಾಗ್, ಲಕ್ಷ್ಮಿ ನಟನೆಯ 'ನಾ ನಿನ್ನ ಬಿಡಲಾರೆ' (1979) ಇವತ್ತಿಗೂ ಹಳಸಿಲ್ಲ. ಕಾಶೀನಾಥ್ ನಿರ್ದೇಶಿಸಿದ 'ಅಪರಿಚಿತ' (1978), ಅವರ ಶಿಷ್ಯ ಉಪೇಂದ್ರ ಮಾಡಿದ 'ಶ್' (1993) ಎರಡನ್ನೂ ಒಟ್ಟಿಗೆ ನೋಡಿದ್ರೆ ಗುರು-ಶಿಷ್ಯರ ಆಟ ಗೊತ್ತಾಗುತ್ತೆ. ಸುನಿಲ್ ಕುಮಾರ್ ದೇಸಾಯಿ ಅವರ 'ತರ್ಕ', 'ನಿಷ್ಕರ್ಷ' ನೋಡದವರು ಕಡಿಮೆ. 'ಆಪ್ತಮಿತ್ರ' ಬಗ್ಗೆ ಹೇಳೋದೇ ಬೇಡ, ಆದರೆ ಒಂದು ಮಾತು: 2004ರ ಏಪ್ರಿಲ್ 17ರಂದು ಜಕ್ಕೂರಿನಿಂದ ಹಾರಿದ ಪುಟ್ಟ ವಿಮಾನ ಬಿದ್ದು ಸೌಂದರ್ಯ ತೀರಿಕೊಂಡಾಗ ಈ ಚಿತ್ರ ಇನ್ನೂ ತೆರೆ ಕಂಡಿರಲಿಲ್ಲ.

ಮಾಕಳಿದುರ್ಗಕ್ಕೆ ಚಾರಣ ಹೋಗೋ ಹುಡುಗರ ಪೈಕಿ '6-5=2' (2013) ಕಥೆಯನ್ನ ನಿಜ ಅಂದುಕೊಂಡವರು ಇನ್ನೂ ಇದ್ದಾರೆ. ನಿಜವಲ್ಲ, ಸಿಕ್ಕಿದ ಕ್ಯಾಮೆರಾದ ದೃಶ್ಯ ಅನ್ನೋ ಹಾಗೆ ತೆಗೆದ ಚಿತ್ರ. ಚಿಕ್ಕ ಮಕ್ಕಳ ಜೊತೆ ಬೇಡ.

ವೆಬ್ ಸೀರೀಸ್ ವಿಷಯಕ್ಕೆ ಬಂದ್ರೆ ಕನ್ನಡದ್ದು ಕೈಬೆರಳೆಣಿಕೆ. ಕೊಳ್ಳೋರಿಲ್ಲದ್ದೇ ಕಾರಣ. ರಕ್ಷಿತ್ ಶೆಟ್ಟಿ ಅವರ ಸಂಸ್ಥೆಯ 'ಏಕಂ' ಸೀರೀಸ್‌ಗೆ ಯಾವ ಓಟಿಟಿಯೂ ಸಿಗದೆ 2024ರ ಜುಲೈನಲ್ಲಿ ಸ್ವಂತ ವೆಬ್‌ಸೈಟ್‌ನಲ್ಲೇ ಬಿಡಬೇಕಾಯ್ತು. ಅದು ಕರಾವಳಿಯ ಬಿಡಿ ಕಥೆಗಳು, ಪೂರ್ತಿ ಸಸ್ಪೆನ್ಸ್ ಅಲ್ಲ. ಸಸ್ಪೆನ್ಸೇ ಬೇಕಂದ್ರೆ 2025ರ ಏಪ್ರಿಲ್‌ನಲ್ಲಿ ಜೀ5ರಲ್ಲಿ ಬಂದ 'ಅಯ್ಯನ ಮನೆ'. ರಮೇಶ್ ಇಂದಿರಾ ನಿರ್ದೇಶನ, 'ದಿಯಾ' ಖ್ಯಾತಿಯ ಖುಷಿ ರವಿ ಸೊಸೆಯ ಪಾತ್ರ. ಚಿಕ್ಕಮಗಳೂರು ಕಡೆಯ ದೊಡ್ಡ ಮನೆ, ಸೊಸೆ ಕಾಲಿಟ್ಟ ದಿನವೇ ಸಾವು. ಕಂತುಗಳು ಚಿಕ್ಕವು, ಒಂದೇ ರಾತ್ರಿಗೆ ಮುಗಿಯುತ್ತೆ. ಬೆಳಿಗ್ಗೆ ಬೇಗ ಅಂಗಡಿ ತೆಗೆಯೋರು ವಾರದ ರಜೆಯ ಹಿಂದಿನ ರಾತ್ರಿಗೆ ಇಟ್ಕೊಳ್ಳಿ.