ಬಿಳಿ ಸೆರಗು: ಮಾತ್ರೆ ನುಂಗಿದರೂ ಮರಳಿ ಬರುವುದೇಕೆ?

ಹೊಸಪೇಟೆ: ವಾರವಿಡೀ ಮಾತ್ರೆ ನುಂಗಿದರೆ ವಾಸಿಯಾಗುವ, ಕೆಲವೇ ತಿಂಗಳಲ್ಲಿ ಮತ್ತೆ ಬಾಗಿಲು ತಟ್ಟುವ ಕಾಯಿಲೆಯೊಂದಿದೆ. ಹೆಂಗಸರು ಅದನ್ನು ‘ಬಿಳಿ ಸೆರಗು’ ಎಂದು ಪಿಸುದನಿಯಲ್ಲಿ ಹೇಳಿ, ಮೈಯ ಉಷ್ಣದ ಲೆಕ್ಕಕ್ಕೆ ಸೇರಿಸಿ ಸುಮ್ಮನಾಗುವುದೇ ಹೆಚ್ಚು. ಬಿಳಿ ಸ್ರಾವವೆಲ್ಲ ರೋಗವಲ್ಲ. ತಿಂಗಳ ಕೆಲವು ದಿನಗಳಲ್ಲಿ ಅದು ಸಹಜ. ಆದರೆ ತೆಳುವಾದ ಬೂದು ಮಿಶ್ರಿತ ಸ್ರಾವಕ್ಕೆ ಮೀನಿನಂಥ ವಾಸನೆ ಜೊತೆಗೂಡಿದರೆ ವೈದ್ಯರು ಮೊದಲು ಶಂಕಿಸುವುದು ಬ್ಯಾಕ್ಟೀರಿಯಲ್ ವೆಜೈನೋಸಿಸ್ ಅನ್ನು.

ಇದು ಅಪರೂಪದ್ದೇನಲ್ಲ. ಮೈಸೂರಿನಲ್ಲಿ 2005-06ರಲ್ಲಿ 898 ಯುವತಿಯರನ್ನು ಪರೀಕ್ಷಿಸಿದ ಅಧ್ಯಯನದಲ್ಲಿ ಶೇ. 19.1ರಷ್ಟು ಮಂದಿಯಲ್ಲಿ ಇದು ಕಂಡುಬಂದಿತ್ತು. ಅಂದರೆ ಸರಿಸುಮಾರು ಐವರಲ್ಲಿ ಒಬ್ಬರು.

ಆರೋಗ್ಯವಂತ ಯೋನಿಯಲ್ಲಿ ಲ್ಯಾಕ್ಟೋಬ್ಯಾಸಿಲಸ್ ಎಂಬ ಉಪಕಾರಿ ಜೀವಾಣುಗಳು ಲ್ಯಾಕ್ಟಿಕ್ ಆಮ್ಲ ತಯಾರಿಸಿ ಪಿಎಚ್ ಮಟ್ಟವನ್ನು 4.5ರೊಳಗೆ ಇರಿಸುತ್ತವೆ. ಇವು ಕ್ಷೀಣಿಸಿದಾಗ ಗಾರ್ಡ್ನರೆಲ್ಲಾ, ಪ್ರಿವೊಟೆಲ್ಲಾ ಮುಂತಾದವು ಮೇಲುಗೈ ಸಾಧಿಸುತ್ತವೆ. ಸೋಪು ಹಾಕಿ ಒಳಗೆಲ್ಲ ತೊಳೆದುಕೊಳ್ಳುವ ಅಭ್ಯಾಸ ಸ್ವಚ್ಛತೆಯ ಹೆಸರಿನಲ್ಲಿ ಈ ಕಾವಲುಗಾರರನ್ನೇ ಓಡಿಸುತ್ತದೆ.

ರೋಗ ಪತ್ತೆಗೆ ದೊಡ್ಡ ಯಂತ್ರ ಬೇಕಿಲ್ಲ. 1983ರಲ್ಲಿ ರೂಪುಗೊಂಡ ಆಮ್ಸೆಲ್ ಮಾನದಂಡದ ಪ್ರಕಾರ ತೆಳು ಸ್ರಾವ, 4.5 ಮೀರಿದ ಪಿಎಚ್, ಕ್ಷಾರದ ಹನಿ ಹಾಕಿದಾಗ ಏಳುವ ವಾಸನೆ, ಸೂಕ್ಷ್ಮದರ್ಶಕದಲ್ಲಿ ಕಾಣುವ ‘ಕ್ಲೂ ಸೆಲ್’ ಈ ನಾಲ್ಕರಲ್ಲಿ ಮೂರಿದ್ದರೆ ಸಾಕು. ಆದರೂ ಪರೀಕ್ಷೆಯಿಲ್ಲದೆ ಲಕ್ಷಣ ನೋಡಿಯೇ ಔಷಧ ಕೊಡುವ ಪದ್ಧತಿ ವ್ಯಾಪಕವಾಗಿದೆ. ರಾಷ್ಟ್ರೀಯ ಏಡ್ಸ್ ನಿಯಂತ್ರಣ ಸಂಸ್ಥೆ ರೂಪಿಸಿದ ಹಸಿರು ಬಣ್ಣದ ಎರಡನೇ ಕಿಟ್‌ನಲ್ಲಿ 2 ಗ್ರಾಂ ಸೆಕ್ನಿಡಜೋಲ್ ಮತ್ತು 150 ಮಿ.ಗ್ರಾಂ ಫ್ಲೂಕೊನಜೋಲ್ ಒಟ್ಟಿಗಿರುವುದು ಈ ಕಾರಣಕ್ಕೇ: ಬ್ಯಾಕ್ಟೀರಿಯಾ ಆಗಲಿ, ಶಿಲೀಂಧ್ರವಾಗಲಿ, ಒಂದೇ ಏಟಿಗೆ ಎರಡಕ್ಕೂ ಮದ್ದು.

ಪ್ರಮುಖ ಚಿಕಿತ್ಸೆ ಮೆಟ್ರೊನಿಡಜೋಲ್, 500 ಮಿ.ಗ್ರಾಂ ಮಾತ್ರೆ ದಿನಕ್ಕೆರಡರಂತೆ ಏಳು ದಿನ. ಬದಲಿಗೆ ಕ್ಲಿಂಡಾಮೈಸಿನ್ ಮುಲಾಮು ಉಂಟು. ಬಹುಪಾಲು ಮಹಿಳೆಯರಿಗೆ ಮೊದಲ ಬಾರಿ ಗುಣ ಕಾಣುತ್ತದೆ. ಆದರೆ ವರ್ಷದೊಳಗೆ ಅರ್ಧಕ್ಕಿಂತ ಹೆಚ್ಚು ಮಂದಿಗೆ ಮರುಕಳಿಸುತ್ತದೆ.

ಇದನ್ನು ಬರೀ ‘ಔಷಧ ನಿರೋಧಕತೆ’ ಎಂದು ತಳ್ಳಿಹಾಕುವಂತಿಲ್ಲ. ಫ್ಯಾನಿಹೆಸಿಯಾ ವೆಜೈನೇ ಎಂಬ ಜೀವಾಣುವಿನ ಅನೇಕ ತಳಿಗಳು ಮೆಟ್ರೊನಿಡಜೋಲ್‌ಗೆ ಬಗ್ಗುವುದಿಲ್ಲ, ನಿಜ. ಕ್ಲಿಂಡಾಮೈಸಿನ್ ಬಳಸಿದ ಬಳಿಕ ಅದಕ್ಕೆ ಜಗ್ಗದ ಜೀವಾಣುಗಳು ಹೆಚ್ಚುವುದೂ ದಾಖಲಾಗಿದೆ. ಆದರೆ ದೊಡ್ಡ ತೊಡಕು ‘ಬಯೋಫಿಲ್ಮ್’. ಕೆರೆಯ ಕಲ್ಲಿಗೆ ಅಂಟುವ ಪಾಚಿಯಂತೆ ಗಾರ್ಡ್ನರೆಲ್ಲಾ ಯೋನಿಯ ಒಳಪದರಕ್ಕೆ ಅಂಟಿ ಕವಚ ಹೆಣೆಯುತ್ತದೆ. 2005ರಲ್ಲಿ ಜರ್ಮನಿಯ ಸಂಶೋಧಕರು ಇದನ್ನು ತೋರಿಸಿಕೊಟ್ಟರು. ಮಾತ್ರೆ ಕವಚವನ್ನು ತಗ್ಗಿಸುತ್ತದೆಯೇ ಹೊರತು ಬೇರುಸಹಿತ ಕೀಳುವುದಿಲ್ಲ.

ಇನ್ನೊಂದು ಕಾರಣವನ್ನು ನಮ್ಮಲ್ಲಿ ಕೇಳಲು ಯಾರೂ ಇಷ್ಟಪಡುವುದಿಲ್ಲ: ಗಂಡ. ದಶಕಗಳ ಕಾಲ ಹೆಂಗಸಿಗಷ್ಟೇ ಚಿಕಿತ್ಸೆ ನಡೆಯುತ್ತಿತ್ತು. ಆಸ್ಟ್ರೇಲಿಯಾದ 164 ಜೋಡಿಗಳ ಮೇಲೆ ನಡೆದು 2025ರ ಮಾರ್ಚ್‌ನಲ್ಲಿ ಪ್ರಕಟವಾದ ಪ್ರಯೋಗದಲ್ಲಿ ಗಂಡಸರಿಗೂ ಏಳು ದಿನ ಮೆಟ್ರೊನಿಡಜೋಲ್ ಮಾತ್ರೆ ಹಾಗೂ ಕ್ಲಿಂಡಾಮೈಸಿನ್ ಮುಲಾಮು ಕೊಡಲಾಯಿತು. 12 ವಾರದೊಳಗೆ ಮರುಕಳಿಕೆ ಶೇ. 63ರಿಂದ 35ಕ್ಕೆ ಇಳಿಯಿತು. ಹಾಗಿದ್ದೂ ಗಂಡನನ್ನು ಆಸ್ಪತ್ರೆಗೆ ಕರೆತರುವ ಹೊಣೆ ಹೆಂಡತಿಯದೇ ಆಗುತ್ತದೆ ಎಂಬುದು ಬೇರೆ ಮಾತು.

ಕಂಪ್ಲಿಯ ಗದ್ದೆಯಲ್ಲಿ ನಾಟಿ ಹಾಕುವವಳಿಗೆ, ಸಂಡೂರಿನ ಗಣಿ ಊರಿನಲ್ಲಿ ದುಡಿಯುವವಳಿಗೆ, ಹಂಪಿಯಲ್ಲಿ ಪ್ರವಾಸಿಗರಿಗೆ ಹಣ್ಣು ಮಾರುವವಳಿಗೆ ದಿನದ ಕೂಲಿ ಬಿಟ್ಟು ಆಸ್ಪತ್ರೆಯ ಸಾಲಿನಲ್ಲಿ ನಿಲ್ಲುವುದಕ್ಕಿಂತ ಔಷಧ ಅಂಗಡಿಯೇ ಹತ್ತಿರ. ಅಲ್ಲಿ ಎರಡು ದಿನದ ಮಾತ್ರೆ ಕೊಂಡು, ವಾಸನೆ ನಿಂತೊಡನೆ ಬಿಟ್ಟರೆ ಉಳಿದ ಜೀವಾಣುಗಳೇ ಮತ್ತೆ ಬೆಳೆಯುತ್ತವೆ. 2016ರಿಂದ ಪ್ರಚಾರದಲ್ಲಿರುವ ಪಟ್ಟಿಯ ಮೇಲಿನ ಕೆಂಪು ಗೆರೆಯ ಅರ್ಥ, ವೈದ್ಯರ ಚೀಟಿಯಿಲ್ಲದೆ ಕೊಳ್ಳಬಾರದೆಂದು.

ಗರ್ಭಿಣಿಯರಲ್ಲಿ ಈ ಸೋಂಕು ಅವಧಿಪೂರ್ವ ಹೆರಿಗೆಯೊಂದಿಗೆ ನಂಟು ಹೊಂದಿದೆ. ಎಚ್‌ಐವಿ ತಗಲುವ ಅಪಾಯವನ್ನೂ ಹೆಚ್ಚಿಸುತ್ತದೆ. ಲಕ್ಷಣ ಕಂಡ ಗರ್ಭಿಣಿಯರು ತಡಮಾಡದೆ ತಪಾಸಣೆಗೆ ಹೋಗಬೇಕು. ಸರ್ಕಾರಿ ಆಸ್ಪತ್ರೆಗಳ ‘ಸುರಕ್ಷಾ ಕ್ಲಿನಿಕ್’ಗಳಲ್ಲಿ ಸಮಾಲೋಚನೆ ಹಾಗೂ ಔಷಧ ಉಚಿತ.