ಕಡ್ಡಿಯಲ್ಲಿ ಉಳಿದ ಹೂದೋಟ: ಹೊಯ್ಸಳ ಸೀಮೆಯ ಒಂದು ಪರಂಪರೆ

ದೇವರ ನಿತ್ಯಪೂಜೆಗೆ ಹೂವೊದಗಿಸಲು ಹೂದೋಟಕ್ಕೆಂದು ಭೂಮಿಯನ್ನು ದತ್ತಿ ಬಿಡುತ್ತಿದ್ದ ರೂಢಿ ಮಧ್ಯಕಾಲೀನ ಕನ್ನಡ ಶಾಸನಗಳಲ್ಲಿ ಹಲವೆಡೆ ಕಾಣಸಿಗುತ್ತದೆ. 1117ರಲ್ಲಿ ಪ್ರತಿಷ್ಠೆಗೊಂಡ ಬೇಲೂರಿನ ಚೆನ್ನಕೇಶವ, ಅದರ ಬೆನ್ನಿಗೇ ಹಳೇಬೀಡಿನಲ್ಲಿ ಎದ್ದ ಹೊಯ್ಸಳೇಶ್ವರ, 1220ರ ಸುಮಾರಿನ ಅರಸೀಕೆರೆಯ ಈಶ್ವರ ದೇವಾಲಯಗಳ ಶಿಲ್ಪವನ್ನು ವಿದ್ವಾಂಸರು ವಿವರವಾಗಿ ದಾಖಲಿಸಿದ್ದಾರೆ. ಆದರೆ ಹೂಗಿಡಗಳನ್ನು ತಲೆಮಾರುಗಳುದ್ದಕ್ಕೂ ಕಾಪಾಡಿದ ವಿದ್ಯೆ, ಅಂದರೆ ಬಲಿತ ರೆಂಬೆಯ ತುಂಡನ್ನು ಮಣ್ಣಿಗೆ ಊರಿ ಬೇರು ಬರಿಸುವ ಕಡ್ಡಿ ನೆಡುವ ಪದ್ಧತಿ, ಅಷ್ಟು ಗಮನ ಪಡೆದಿಲ್ಲ.

ಈ ವಿದ್ಯೆಗೆ ಗ್ರಂಥಾಧಾರವೂ ಉಂಟು. ಆರನೆಯ ಶತಮಾನದ ವರಾಹಮಿಹಿರನು ‘ಬೃಹತ್ಸಂಹಿತೆ’ಯ ವೃಕ್ಷಾಯುರ್ವೇದ, ಎಂದರೆ ಸಸ್ಯಗಳ ಪೋಷಣೆ ಮತ್ತು ಚಿಕಿತ್ಸೆಯ ಶಾಸ್ತ್ರವನ್ನು ಹೇಳುವ ಅಧ್ಯಾಯದಲ್ಲಿ, ಅಶೋಕ, ದಾಳಿಂಬೆ, ದ್ರಾಕ್ಷಿ ಮೊದಲಾದವನ್ನು ಸಗಣಿ ಬಳಿದ ಕಾಂಡದ ತುಂಡುಗಳಿಂದ ಬೆಳೆಸಬೇಕೆಂದು ವಿಧಿಸಿದ್ದಾನೆ. ಚಾಲುಕ್ಯ ಜಯಸಿಂಹನ ಆಶ್ರಯದಲ್ಲಿದ್ದ ಎರಡನೆಯ ಚಾವುಂಡರಾಯನು 1025ರ ಸುಮಾರಿಗೆ ರಚಿಸಿದ ‘ಲೋಕೋಪಕಾರ’ದಲ್ಲಿ ಇದೇ ಶಾಸ್ತ್ರಕ್ಕೆ ಒಂದು ಅಧ್ಯಾಯವನ್ನು ಮೀಸಲಿಟ್ಟು, ಅದನ್ನು ಕನ್ನಡ ಬಲ್ಲವರ ಕೈಗೆಟುಕಿಸಿದನು. ನೆಟ್ಟ ಕಡ್ಡಿಯ ಮೇಲ್ತುದಿ ಒಣಗದಂತೆ ಸಗಣಿ ಮೆತ್ತುವ ವಾಡಿಕೆ ಹಳ್ಳಿಮನೆಗಳಲ್ಲಿ ಇಂದಿಗೂ ಉಳಿದಿದೆ.

ಬೀಜವಿರುವಾಗ ಕಡ್ಡಿಯೇ ಏಕೆ ಎಂಬುದಕ್ಕೆ ಗಿಡಗಳ ಸ್ವಭಾವದಲ್ಲೇ ಉತ್ತರವಿದೆ. ಅಂಗಳದ ದಾಸವಾಳವು ಬೀಜ ಕಟ್ಟುವುದು ಅಪರೂಪ. ಕಟ್ಟಿದರೂ ಆ ಸಸಿಯು ತಾಯಿಗಿಡದ ಬಣ್ಣವನ್ನೂ ಎಸಳಿನ ಒತ್ತನ್ನೂ ಉಳಿಸಿಕೊಳ್ಳುವ ಖಾತ್ರಿಯಿಲ್ಲ. ಕಡ್ಡಿಯಿಂದ ಬಂದ ಗಿಡವಾದರೋ ತಾಯಿಗಿಡದ್ದೇ ಮುಂದುವರಿಕೆ. ಆದ್ದರಿಂದ ಎಲೆ ಮೂಡುವ ಗಂಟುಗಳಾದ ಗಿಣ್ಣುಗಳು ಮಣ್ಣಿನೊಳಗೆ ಸೇರುವಂತೆ ಕಡ್ಡಿಯನ್ನು ಊರಿ, ನಂದಿಬಟ್ಟಲು, ಕಣಗಿಲೆ, ಮಲ್ಲಿಗೆಗಳನ್ನು ಮನೆಯಿಂದ ಮನೆಗೆ ಹಬ್ಬಿಸಲಾಯಿತು.

ಈ ಪದ್ಧತಿಯು ಮಳೆಗೆ ತಕ್ಕಂತೆ ರೂಪ ಪಡೆಯಿತು. ಮಲೆನಾಡಿಗೆ ತಾಗಿದ ಬೇಲೂರಿನ ಕಾಫಿ ತೋಟಗಳಲ್ಲಿ, ಕೆಂಪು ಹೂವಿನ ಹಾಲುವಾಣ ಮರದ ಸುಮಾರು 2 ಮೀಟರ್ ಉದ್ದದ ಗೂಟಗಳನ್ನು ಮುಂಗಾರು ಹಿಡಿದೊಡನೆ ನೆಟ್ಟು, ಕಾಫಿಗೆ ನೆರಳನ್ನೂ ಮೆಣಸಿನ ಬಳ್ಳಿಗೆ ಆಸರೆಯನ್ನೂ ಪಡೆಯಲಾಗುತ್ತದೆ. ಮಳೆ ಕಡಿಮೆಯಿರುವ ತೆಂಗಿನ ಸೀಮೆಯಾದ ಅರಸೀಕೆರೆಯಲ್ಲಿ ಕಡ್ಡಿಗೆ ನೆರಳೂ ಕೈನೀರೂ ಬೇಕಾಗುವುದರಿಂದ, ಬಚ್ಚಲ ನೀರು ಹರಿಯುವ ಹಿತ್ತಿಲೇ ಅದಕ್ಕೆ ತಕ್ಕ ಜಾಗ.

ಹೊರನಾಡಿನ ಗಿಡಗಳೂ ಇದೇ ದಾರಿಯಲ್ಲಿ ನೆಲೆ ಕಂಡವು. ಗುಡಿಯಂಗಳಗಳಲ್ಲಿ ಇಂದು ಸಾಮಾನ್ಯವಾಗಿರುವ ದೇವಕಣಗಿಲೆಯು ಉಷ್ಣವಲಯದ ಅಮೆರಿಕ ಮೂಲದ್ದಾಗಿದ್ದು, ಹೊಯ್ಸಳರು ಅದನ್ನು ಕಂಡಿರಲಿಲ್ಲ. ಕಡಿದ ರೆಂಬೆಯನ್ನು ಹಾಲು ಆರುವವರೆಗೆ ಕೆಲವು ದಿನ ಒಣಗಲು ಬಿಟ್ಟು ನೆಡುವ ಕ್ರಮದಿಂದ ಅದು ಈ ನೆಲದ್ದೇ ಆಯಿತು.

ಹೂವಿನ ಹಳೆಯ ತಳಿಯೊಂದನ್ನು ಉಳಿಸಲು ಒಂದು ಕಡ್ಡಿ ಸಾಕು. ಆದರೆ ಕೊನೆಯ ಗಿಡವೂ ಅಳಿದ ಮೇಲೆ ಅದನ್ನು ಮರಳಿ ಪಡೆಯುವ ದಾರಿಯಿಲ್ಲ. ಆದಕಾರಣ ಈ ಮೂರೂ ಊರುಗಳ ಇತಿಹಾಸವನ್ನು ಬರೆಯುವವರು ಶಿಲೆಯೊಡನೆ ಹಿತ್ತಿಲ ಗಿಡಗಳನ್ನೂ, ಅವುಗಳನ್ನು ಬೆಳೆಸಿದ ಹಿರಿಯರ ತಿಳಿವಳಿಕೆಯನ್ನೂ ಈಗಲೇ ದಾಖಲಿಸಬೇಕು.